ಪೊಗೊ ಹೊಲಿಯುವ ತೋರ್ಗಿ

ಬೆಳಕು ಇನ್ನೂ ಪೂರ್ತಿ ಹರಿದಿಲ್ಲ. ತೋರ್ಗಿ ಒಲೆಯ ಬೆಂಕಿಗೆ ಎಡೆಯೆಂದು ಒಂದು ಗುಟುಕು ಹಾಲಿನ ಚಹಾ ಸುರಿದು, ಉಳಿದದ್ದನ್ನು ತಾನು ಕುಡಿದು ಕಿಟಕಿಯ ಬಳಿ ಕೂರುತ್ತಾಳೆ. ತೊಡೆಯ ಮೇಲೆ ಅರ್ಧಚಂದ್ರದಂತೆ ಕತ್ತರಿಸಿದ ತೊಗಲು. ಅದರ ಮೇಲೆ ಚಿಪ್ಪಿನ ಗುಂಡಿ, ಹವಳ, ಮಣಿಗಳನ್ನು ಒಂದೊಂದಾಗಿ ಕೂರಿಸುತ್ತಾಳೆ. ಇದೇ ಪೊಗೊ. ಮದುವೆ ದಿಬ್ಬಣದ ಮುಂದೆ ನಡೆಯುವ ಹೆಂಗಸು ಎದೆಗೆ ಕಟ್ಟಿಕೊಳ್ಳುವಂಥದು.

ಹೊಲಿಯುವಾಗ ಆಕೆ ಮಾತಾಡುವುದಿಲ್ಲ. ಈ ಹೊಲಿಗೆಯ ಬಗ್ಗೆ ಬರೆದುಕೊಳ್ಳಲು ಬಂದು ಅವಳ ಮನೆಯಲ್ಲಿ ಉಳಿದಿರುವ ನಾನೂ ಮಾತಾಡಿಸುವುದಿಲ್ಲ.

ಉತ್ತರದ ಚಳಿಸೀಮೆಯ ಅಬಕಾನ್ ಹೊಳೆಯಾಚೆಯ ಈ ಹುಲ್ಲುಬಯಲಲ್ಲಿ ಕೊಯ್ಬಾಲರೆಂದು ಹೇಳಿಕೊಳ್ಳುವ ಮನೆಗಳು ಕೆಲವೇ. ಸರ್ಕಾರದ ಲೆಕ್ಕಕ್ಕೆ ಎಲ್ಲರೂ ಬಯಲಿನ ಖಕಾಸರೇ. ಇವರ ಹಿಂದಿನವರು ಸಯಾನ್ ಬೆಟ್ಟದ ಕಾಡಿನಿಂದ ಇಳಿದುಬಂದವರು, ನುಡಿ ಬೇರೆಯಿತ್ತು. ಬಯಲಿನವರೊಡನೆ ನಂಟು ಬೆಳೆದು ಬಯಲಿನ ನುಡಿಯೇ ಮನೆಮಾತಾಯಿತು.

"ಅಜ್ಜಿಯ ಅಜ್ಜಿ ಏನಂತ ಬೈತಿದ್ದಳೋ, ಅದೂ ಗೊತ್ತಿಲ್ಲ ನಮಗೆ" ಎನ್ನುತ್ತಾಳೆ ತೋರ್ಗಿ, ಸೂಜಿ ಕೆಳಗಿಟ್ಟಾಗ. ಹೊಲಿಗೆಯ ರೀತಿ ಮಾತ್ರ ತಾಯಂದಿರ ಕೈಯಿಂದ ಬಂದಿದೆ.

ಹೊಳೆಯ ಮೇಲಿನ ಮಂಜುಗಡ್ಡೆ ಕುಸಿದು ಗಂಡ ಮುಳುಗಿ ಸತ್ತಾಗ ಆಕೆಗೆ ಇನ್ನೂ ಸಣ್ಣ ವಯಸ್ಸು. ಹಗಲು ದನಗಳ ಫಾರಮ್ಮಿನಲ್ಲಿ ಹಾಲು ಕರೆಯುತ್ತಾಳೆ. ಸತ್ತ ಅಕ್ಕನ ಮಗಳು ಆಯ್ಚಾಳನ್ನು ಸಾಕಿದವಳೂ ಇವಳೇ. ಬರುವ ಶನಿವಾರ ಆಯ್ಚಾಳ ಮದುವೆ. ಈ ಪೊಗೊ ಅದಕ್ಕೇ.

ಗಂಡ ಸತ್ತವಳು ಪೊಗೊ ಕಟ್ಟುವಂತಿಲ್ಲ. ಆಯ್ಚಾ ಮಾತ್ರ ಚಿಕ್ಕಮ್ಮನೇ ಮುಂದೆ ನಡೆಯಬೇಕೆಂದು ಹಟ ಹಿಡಿದಿದ್ದಾಳೆ. ನಿನ್ನೆ ಗಂಡಿನ ಸೋದರತ್ತೆ ಬಂದು, ಹಾಗಾದರೆ ತಮ್ಮ ಕಡೆಯವರು ಯಾರೂ ಬರುವುದಿಲ್ಲ ಎಂದು ಹೇಳಿಹೋದಳು.

ಹುರಿದ ಬಾರ್ಲಿಹಿಟ್ಟು ಕಲಸಿದ ಬಟ್ಟಲು ಹಿಡಿದು ಆಯ್ಚಾ ಒಳಗೆ ಬರುತ್ತಾಳೆ. ಅತ್ತು ಮುಖ ಊದಿದೆ.

"ನೀನು ಕಟ್ಟದಿದ್ರೆ ನಾನು ಹೊರಡಲ್ಲ ಚಿಕ್ಕಮ್ಮ."

"ಹೊರಡ್ತೀಯ. ನಿನ್ನೆ ಬಂದಿದ್ದ ಆ ಹೆಂಗಸಿನ ಕತ್ತು ಎಷ್ಟು ದಪ್ಪ, ನೋಡಿದೀಯ? ಅವಳೇ ಕಟ್ಟಲಿ ಅಂತ ದಾರ ಉದ್ದ ಬಿಟ್ಟಾಯ್ತು. ಮತ್ತೆ ಬಿಚ್ಚು ಅನ್ನಬೇಡ."

"ನಿನಗೆ ಆಸೆ ಇಲ್ವಾ?"

ತೋರ್ಗಿ ಕೊನೆಯ ಗಂಟು ಹಾಕಿ ದಾರ ಕಚ್ಚಿ ತುಂಡರಿಸುತ್ತಾಳೆ. ಆಯ್ಚಾ ಬಟ್ಟಲನ್ನು ಅವಳ ಪಕ್ಕದಲ್ಲಿಟ್ಟು, ಪೊಗೊ ನೀವೇ ಕಟ್ಟಿ ಎಂದು ಗಂಡಿನ ಸೋದರತ್ತೆಗೆ ಹೇಳಿಕಳಿಸಲು ಹೊರಗೆ ಹೋಗುತ್ತಾಳೆ.

ಬಾಗಿಲು ಮುಚ್ಚಿದ ಮೇಲೆ ತೋರ್ಗಿ ಎದ್ದು ಪೊಗೊವನ್ನು ಎದೆಗೆ ಹಿಡಿಯುತ್ತಾಳೆ. ಅಂಚು ಸರಿಪಡಿಸುತ್ತಾಳೆ. ನಾನು ನೋಡುತ್ತಿರುವುದು ಕಂಡು ಕೆಳಗಿಳಿಸುತ್ತಾಳೆ.

"ಡೊಂಕಾಗಿದೆಯಾ ಅಂತ ನೋಡೋಕೆ ಒಂದು ಎದೆ ಬೇಕಲ್ಲ" ಎನ್ನುತ್ತಾಳೆ. "ನಾನು ಹೊಲಿದ ಯಾವ ಪೊಗೊನೂ ನನ್ನ ಮೇಲೆ ಕೂರದೆ ಮದುವೆಗೆ ಹೋಗಿಲ್ಲ."