ಎರವಲು ನಾಲಿಗೆ

ಅವರ ಬಲಗೈಯಲ್ಲಿ ಮೊಣಕೈವರೆಗೆ ಒಂದೇ ಒಂದು ಕೂದಲು ಇರಲಿಲ್ಲ. ಎಡಗೈ ನೋಡಿದರೆ ಕರಡಿಯ ಕೈ. ಇಪ್ಪತ್ತು ವರ್ಷ ಬಲಗೈಯನ್ನು ಕೆಂಡದ ಮೇಲೆ ಆಡಿಸಿದ್ದರ ಫಲ. ಹಾಸನದ ಬಸ್ಸಿನಲ್ಲಿ ಪಕ್ಕ ಕೂತವರು ಎರಡೂ ಕೈಗಳನ್ನು ಮತ್ತೆ ಮತ್ತೆ ನೋಡಿ ಗಾಬರಿಯಾಗುತ್ತಿದ್ದರಂತೆ. ಒಂದು ಕೈ ನಮ್ಮಪ್ಪನದು, ಇನ್ನೊಂದು ನಮ್ಮವ್ವನದು ಎಂದು ಹೇಳಿ ಅಣ್ಣ ಕಿಟಕಿಯ ಕಡೆ ತಿರುಗಿಬಿಡುತ್ತಿದ್ದರು.

ಅಣ್ಣ ಎಂದರೆ ಒಡಹುಟ್ಟಿದ ಅಣ್ಣನಲ್ಲ. ಅರಕಲಗೂಡಿನಲ್ಲಿ ನನ್ನ ದಿನಸಿ ಅಂಗಡಿಯ ಎದುರು ಮನೆಯವರು. ಮನೆಯ ಮುಂದೆ ತಗಡಿನ ಚಪ್ಪರ, ಅದರಡಿ ಉದ್ದಕ್ಕೆ ಸೀಳಿದ ಡ್ರಮ್ಮು, ಡ್ರಮ್ಮಿನ ತುಂಬ ಇದ್ದಿಲ ಕೆಂಡ, ಮೇಲೊಂದು ಕಬ್ಬಿಣದ ಜಾಲರಿ. ಸಂಜೆ ಐದಕ್ಕೆ ಅದರ ಮೇಲೆ ಹಂದಿ ಬಾಡು ಏರುತ್ತಿತ್ತು. ನನಗಿಂತ ಎಂಟು ವರ್ಷ ದೊಡ್ಡವರಾದರೂ ನನ್ನನ್ನು ಸಾವ್ಕಾರ್ರೇ ಎಂದೇ ಕರೆಯುತ್ತಿದ್ದರು. ಅಕ್ಕಿ ಮೂಟೆಗಳ ನಡುವೆ ಕೂತವನೆಲ್ಲ ನಮ್ಮ ಊರಿನಲ್ಲಿ ಸಾಹುಕಾರನೇ.

ನಮ್ಮದು ಲಿಂಗ ಕಟ್ಟುವ ಮನೆ. ದಾರಿಯಲ್ಲಿ ಮೊಟ್ಟೆಯ ಸಿಪ್ಪೆ ಕಂಡರೂ ಸುತ್ತು ಬಳಸಿ ಹೋಗುವ ಜನ. ಎದುರಿನಿಂದ ಆ ಹೊಗೆ ಬಂದರೆ ಸುಮ್ಮನಿರುತ್ತೇನೆಯೇ? ಮೊದಲ ವರ್ಷವೇ ಪಟ್ಟಣ ಪಂಚಾಯಿತಿಗೆ ಒಂದು ಖಾರವಾದ ಅರ್ಜಿ ಬರೆದು ಜೇಬಿನಲ್ಲಿಟ್ಟುಕೊಂಡು ಓಡಾಡಿದೆ. ಕೊಡುವ ಮೊದಲೇ ಯಾರೋ ಅವರ ಕಿವಿಗೆ ಹಾಕಿದರು. ಜಗಳಕ್ಕೆ ಬರುತ್ತಾರೆಂದು ನಾನು ತಯಾರಾಗಿ ಕೂತಿದ್ದರೆ, ಅವರು ಡ್ರಮ್ಮನ್ನು ಚಪ್ಪರದ ಆಚೆ ತುದಿಗೆ ಎಳೆದು, ನನ್ನ ಕಡೆಗೆ ಎರಡು ತಗಡು ಮರೆ ಕಟ್ಟಿ, ನನ್ನ ಅಂಗಡಿಗೇ ಬಂದು ಎರಡು ಅಚ್ಚು ಬೆಲ್ಲ ತೆಗೆದುಕೊಂಡು ಹೋದರು. ಅರ್ಜಿ ಜೇಬಿನಲ್ಲೇ ಒಗೆತಕ್ಕೆ ಬಿದ್ದು ಮುದ್ದೆಯಾಯಿತು.

ಚಿಕ್ಕ ವಯಸ್ಸಿನಲ್ಲಿ ಅವರು ಮುಂಬೈಗೆ ಹೋಗಿ ಒಂದು ಚೀನೀ ಹೋಟೆಲಿನ ಅಡುಗೆಮನೆಯಲ್ಲಿ ಹನ್ನೊಂದು ವರ್ಷ ದುಡಿದಿದ್ದರು. ಅಲ್ಲಿಂದ ತಂದ ಆಸ್ತಿಯೆಂದರೆ ಒಂದು ಪಾಕ. ಸೋಯಾ ಸಾಸಿಗೆ ಬೆಲ್ಲ ಕರಗಿಸಿ, ಶುಂಠಿ ಬೆಳ್ಳುಳ್ಳಿ ಜಜ್ಜಿ ಹಾಕಿ, ಅಂಟು ಬರುವ ತನಕ ಕುದಿಸುವುದು. ಅಲ್ಲಿ ವಿನೆಗರ್ ಹಾಕುತ್ತಿದ್ದ ಕಡೆ ಇಲ್ಲಿ ಕೊಡಗಿನ ಕಾಚಂಪುಳಿ. ಸಿಹಿ, ಉಪ್ಪು, ಹುಳಿ ಮೂರೂ ಒಂದರ ಕತ್ತು ಒಂದು ಹಿಡಿದಿರಬೇಕು ಎನ್ನುತ್ತಿದ್ದರು. ಅದಕ್ಕೆ ಅವರಿಟ್ಟ ಹೆಸರು ಬಣ್ಣ. ಹಚ್ಚುತ್ತಿದ್ದದ್ದು ಎರಡಿಂಚಿನ ಪೇಂಟ್ ಬ್ರಷ್ಷಿನಲ್ಲಿ. ಹಚ್ಚಿ, ತಿರುವಿ, ಮತ್ತೆ ಹಚ್ಚಿ, ಹೀಗೆ ನಾಲ್ಕು ಸಲ. ಒಂದೇ ಸಲಕ್ಕೆ ಬಳಿದರೆ ಬೆಲ್ಲ ಸೀದುಹೋಗುತ್ತದೆ, ಒಳಗೆ ಹಸಿಯೇ ಉಳಿಯುತ್ತದೆ, ಆತುರಗಾರನಿಗೆ ಬುದ್ಧಿ ಮಟ್ಟ ಎಂದು ಕಾಯುತ್ತ ನಿಂತ ಗಿರಾಕಿಗಳಿಗೇ ಪಾಠ ಹೇಳುತ್ತಿದ್ದರು. ಹೊಳೆನರಸೀಪುರದಿಂದ, ಕೊಣನೂರಿನಿಂದ ಬಂದವರು ಆ ಪಾಠ ಕೇಳಿಕೊಂಡು ತೆಪ್ಪಗೆ ನಿಂತಿರುತ್ತಿದ್ದರು.

ಮಧ್ಯಾಹ್ನ ಬಿಡುವಾದಾಗ ಬಂದು ನನ್ನ ಅಂಗಡಿಯ ಮೂಟೆಯ ಮೇಲೆ ಕೂರುವುದು ಅವರ ಅಭ್ಯಾಸ. ನಾನು ಬೆಲ್ಲದ ಚೂರನ್ನು ನಾಲಿಗೆಯ ಮೇಲಿಟ್ಟುಕೊಂಡು ಇದು ಯಾವ ಆಲೆಮನೆಯದು, ಎಷ್ಟು ಸುಣ್ಣ ಬಿದ್ದಿದೆ, ಹಳತೋ ಹೊಸತೋ ಎಂದು ಹೇಳಿಬಿಡುತ್ತೇನೆ. ನಮ್ಮಪ್ಪನಿಂದ ಬಂದ ವಿದ್ಯೆ. ಅಣ್ಣ ಅದನ್ನು ಬಾಯಿ ಬಿಟ್ಟುಕೊಂಡು ನೋಡುತ್ತಿದ್ದರು. ನನಗೂ ಒಳಗೊಳಗೇ ಜಂಬ.

ನಾಲ್ಕು ವರ್ಷದ ಹಿಂದೆ ಅವರ ಗಂಟಲಲ್ಲಿ ಗಂಟು ಕಾಣಿಸಿಕೊಂಡಿತು. ಹಾಸನದಲ್ಲಿ ಪರೀಕ್ಷೆ, ಮೈಸೂರಿನಲ್ಲಿ ಒಂದೂವರೆ ತಿಂಗಳು ಕರೆಂಟು, ಎಂದರೆ ರೇಡಿಯೇಶನ್, ಕೊಟ್ಟರು. ಮರಳಿ ಬಂದಾಗ ಮೈ ಅರ್ಧವಾಗಿತ್ತು, ಕತ್ತಿನ ಚರ್ಮ ಕಪ್ಪಿಟ್ಟಿತ್ತು. ಎರಡು ತಿಂಗಳು ಮನೆಯೊಳಗೇ ಇದ್ದು, ಒಂದು ದಿನ ಡ್ರಮ್ಮಿಗೆ ಇದ್ದಿಲು ತುಂಬಿದರು. ಬೀದಿಗೆಲ್ಲ ಸಂತೋಷ. ನಾನೂ ಸಂತೋಷಪಟ್ಟೆ ಎಂದರೆ ನಮ್ಮ ಮಠದ ಸ್ವಾಮಿಗಳು ನಂಬಲಾರರು.

ಮಾರನೆಯ ದಿನ ಸಂಜೆ ನಾಲ್ಕಕ್ಕೆ ಒಂದು ಸ್ಟೀಲ್ ಬಟ್ಟಲು ಹಿಡಿದು ಅಂಗಡಿಗೆ ಬಂದರು. ತಲೆ ಇನ್ನೂ ಒದ್ದೆಯಿತ್ತು.

"ಸಾವ್ಕಾರ್ರೇ, ನಂಗೆ ಉಪ್ಪೂ ಒಂದೇ ಬೂದೀನೂ ಒಂದೇ ಆಗೋಗೈತೆ. ನಾಲಿಗೇನೆ ಸುಟ್ಟಾಕ್ಬುಟ್ರು. ಒಸಿ ಈ ಬಣ್ಣ ನೋಡ್ಕೊಡಿ. ಒಸಾ ಪಾತ್ರೇಲಿ ಮಾಡಿವ್ನಿ, ಸ್ನಾನ ಮಾಡ್ಕೊಂಡೇ ತಂದಿವ್ನಿ, ಬಾಡು ಇನ್ನೂ ಮುಟ್ಟಿಲ್ಲ."

ಅವರ ಕಷ್ಟ ನನಗೆ ಆಗ ತಿಳಿಯಿತು. ಅತ್ತಿಗೆ, ಎಂದರೆ ಅವರ ಹೆಂಡತಿ, ಗಂಡ ನೊಂದುಕೊಳ್ಳುತ್ತಾನೆಂದು ಬಣ್ಣ ಹೇಗಿದ್ದರೂ ಚೆನ್ನಾಗಿದೆ ಎನ್ನುತ್ತಿದ್ದರು. ಗಿರಾಕಿಗಳಲ್ಲಿ ಮುಕ್ಕಾಲು ಪಾಲು ಗುಂಡು ಹಾಕಿ ಬರುವವರು, ಅವರ ನಾಲಿಗೆಗೆ ಎಲ್ಲವೂ ಸೊಗಸು. ನಿಮ್ಮ ನಾಲಿಗೆ ತಕ್ಕಡಿಯಂಥದ್ದು ಎಂದರು ಅಣ್ಣ. ಆ ಮಾತಿಗೇ ನಾನು ಬಿದ್ದದ್ದು. ಬೆಲ್ಲ, ಶುಂಠಿ, ಉಪ್ಪಿಗೆ ಯಾವ ದೋಷ ಎಂದುಕೊಂಡು ಚಮಚದ ತುದಿಯಲ್ಲಿ ನೆಕ್ಕಿದೆ. ಉಪ್ಪು ಹೊಡೆಯುತ್ತಿತ್ತು, ಬೆಳ್ಳುಳ್ಳಿ ಒರಟು, ಹುಳಿ ಹಲ್ಲಿಗೆ ಜುಮ್ಮೆನಿಸುವಷ್ಟು. ಎಲ್ಲವನ್ನೂ ಹೇಳಿದೆ. ಇನ್ನೂ ಒಂದು ಹಿಡಿ ಬೆಲ್ಲ ಬೀಳಲಿ ಎಂದೆ.

ಅಷ್ಟೊಂದಾ ಎಂದು ಅವರು ಒಂದು ಕ್ಷಣ ಬಟ್ಟಲನ್ನೇ ನೋಡಿದರು. ಆಮೇಲೆ, ನೀವು ಹೇಳಿದ ಮೇಲೆ ಮುಗಿಯಿತು ಎಂದು ಹೋದರು.

ಸೋಮವಾರ ಶನಿವಾರ ಬಿಟ್ಟರೆ ದಿನವೂ ನಾಲ್ಕು ಗಂಟೆಗೆ ಬಟ್ಟಲು ಬರುತ್ತಿತ್ತು. ನಾನು ನಾಲಿಗೆಯ ಮೇಲಿಟ್ಟುಕೊಂಡು, ಕಣ್ಣು ಮುಚ್ಚಿ, ದೊಡ್ಡ ವೈದ್ಯರ ಗತ್ತಿನಲ್ಲಿ ತೀರ್ಪು ಕೊಡುತ್ತಿದ್ದೆ. ಅವರು ತಲೆಯಾಡಿಸಿ ಸರಿಪಡಿಸಿ ಮತ್ತೆ ತರುತ್ತಿದ್ದರು. ಒಂದು ತಿಂಗಳಲ್ಲಿ ಬಣ್ಣ ಎಷ್ಟು ರುಚಿಯಾಯಿತೆಂದರೆ, ಒಂದು ದಿನ ಉಳಿದದ್ದನ್ನು ನಾನು ಮನೆಗೆ ಒಯ್ದು ದೋಸೆಗೆ ನೆಂಚಿಕೊಂಡು ತಿಂದೆ.

ಗಿರಾಕಿ ಕಡಿಮೆಯಾಗುತ್ತ ಬಂತು. ನಾನು ಶ್ರಾವಣ ಎಂದೆ. ಶ್ರಾವಣ ಕಳೆಯಿತು. ಮಳೆ ಎಂದೆ. ಮಳೆ ನಿಂತಿತು. ಜಾಲರಿಯ ಮೇಲೆ ಮೊದಲು ಆರು ಸಾಲು ಇರುತ್ತಿದ್ದ ಕಡೆ ಎರಡು ಸಾಲು ಉಳಿಯಿತು. ಅಣ್ಣ ತಮ್ಮದೇ ಕೈ ನಡುಗುತ್ತದೆ, ಬೇಯಿಸುವುದು ತಪ್ಪುತ್ತಿರಬೇಕು ಎಂದು ಜಾಲರಿಯ ಎತ್ತರ ಬದಲಾಯಿಸಿದರು, ಇದ್ದಿಲು ಬದಲಾಯಿಸಿದರು. ಅವರು ಒಂದೊಂದನ್ನೇ ಅನುಮಾನಿಸಿದರು. ನನ್ನನ್ನು ಮಾತ್ರ ಅನುಮಾನಿಸಲಿಲ್ಲ.

ಕೊನೆಗೆ ಕೊಣನೂರಿನ ಹಳೆಯ ಗಿರಾಕಿಯೊಬ್ಬರು, ಮೇಷ್ಟರಾಗಿದ್ದವರು, ತಿನ್ನುತ್ತ ತಿನ್ನುತ್ತ ಹೇಳಿಯೇಬಿಟ್ಟರು. ನಾನು ಎದುರಿಗೆ ನನ್ನ ಗಲ್ಲಾಪೆಟ್ಟಿಗೆಯ ಹಿಂದೆ ಕೂತು ಕೇಳಿಸಿಕೊಂಡೆ.

"ತಪ್ಪು ತಿಳೀಬ್ಯಾಡಿ ಅಣ್ಣ. ಬಾಡಿಗೆ ಪುಳಿಯೋಗರೆ ಗೊಜ್ಜು ಸವರ್ದಂಗೈತೆ."

ಅಣ್ಣ ಬ್ರಷ್ಷು ಹಿಡಿದ ಕೈಯನ್ನು ಹಾಗೇ ನಿಲ್ಲಿಸಿದರು. ನನ್ನ ಕಡೆ ತಿರುಗಿ ನೋಡಲಿಲ್ಲ. ನೋಡಬಹುದಿತ್ತು.

ಮಾರನೆಯ ದಿನ ನಾಲ್ಕು ಗಂಟೆಗೆ ಬಂದರು. ಬೈದಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು. ಮೂಟೆಯ ಮೇಲೆ ಕೂತು ಮಗುವಿಗೆ ಹೇಳುವಂತೆ ಹೇಳಿದರು:

"ಬರೀ ಬಣ್ಣ ನೆಕ್ಕಿದ್ರೆ ಮಕ ಸೊಟ್ಟ ಆಗ್ಬೇಕು ಸಾವ್ಕಾರ್ರೇ. ಅರ್ಧ ಕೊಬ್ಬು ನುಂಗ್ತದೆ, ಅರ್ಧ ಬೆಂಕಿ ನುಂಗ್ತದೆ. ಉಳಿದಿದ್ದು ಬಾಯಿಗೆ. ಇದ ನಿಮಗೆ ಯೋಳ್ನೇ ಇಲ್ಲ ನೋಡಿ, ನಂದೇ ತಪ್ಪು."

ತಪ್ಪು ಅವರದಲ್ಲ. ಗೊಜ್ಜಿನ ಮನೆಯ ನಾಲಿಗೆ ಗೊಜ್ಜನ್ನೇ ಹುಡುಕಿತು. ಬಾಡಿನ ಮೇಲೆ ಕೂರಬೇಕಾದದ್ದನ್ನು ನಾನು ನನ್ನ ಅನ್ನಕ್ಕೆ ಕಲಸಿಕೊಳ್ಳುವ ಹಾಗೆ ತಿದ್ದಿ ತಿದ್ದಿ ಕೆಡಿಸಿದ್ದೆ. ಹಾಗಾದರೆ ಎಷ್ಟು ಸೊಟ್ಟವಾಗಬೇಕು, ಉಪ್ಪು ಎಷ್ಟು ಚಮಚ, ಹೇಳಿ ಎಂದೆ. ಅವರಿಗೂ ಗೊತ್ತಿರಲಿಲ್ಲ. ಅವರು ಎಂದೂ ಅಳತೆ ಮಾಡಿದವರಲ್ಲ. ಅಳತೆ ಇದ್ದದ್ದೆಲ್ಲ ಆ ಸುಟ್ಟ ನಾಲಿಗೆಯಲ್ಲಿ.

ಒಂದು ವಾರ ಅಂದಾಜಿನಲ್ಲಿ ನಡೆಯಿತು. ನಾನು ಇನ್ನೂ ಉಪ್ಪು ಎನ್ನುವೆ, ಸಾಕು ಎನ್ನುವೆ, ಯಾವುದಕ್ಕೂ ಆಧಾರವಿಲ್ಲ. ಕುರುಡನಿಗೆ ಕುರುಡ ದಾರಿ ತೋರಿಸಿದ ಹಾಗೆ. ಆಮೇಲೆ ಒಂದು ಸಂಜೆ ಅವರು ಬಾಳೆಲೆಯ ತುಂಡಿನಲ್ಲಿ ಕಡಲೆಬೀಜದಷ್ಟು ಸುಟ್ಟ ಬಾಡು ತಂದರು. ಅಂಗಡಿಯೊಳಗೆ ಬರಲಿಲ್ಲ. ಮೆಟ್ಟಿಲ ಕೆಳಗೇ ನಿಂತರು.

"ಒಂದೇ ಒಂದ್ ಚೂರು. ನುಂಗ್ಬ್ಯಾಡಿ, ಅಗಿದು ಉಗುದ್ಬುಡಿ. ಇನ್ಯಾರ್ನ ಕೇಳ್ಲಿ ನಾನು?"

ನಾನು ಇಳಿದು ಹೋಗಿ ಅದನ್ನು ಕೈಗೆ ತೆಗೆದುಕೊಂಡೆ. ಬೀದಿಯಲ್ಲಿ ಯಾರೂ ಇರಲಿಲ್ಲ. ಗಲ್ಲದವರೆಗೆ ಕೈ ಹೋಯಿತು. ಧರ್ಮ ಅಡ್ಡ ಬಂತು ಎಂದರೆ ದೊಡ್ಡ ಮಾತಾಗುತ್ತದೆ. ಆ ಹೊತ್ತಿನಲ್ಲಿ ಧರ್ಮದ ನೆನಪೇ ಇರಲಿಲ್ಲ. ಬಾಯಿ ತೆರೆಯಲಿಲ್ಲ, ಅಷ್ಟೇ. ಮನಸ್ಸು ಹೂಂ ಎನ್ನುತ್ತಿತ್ತು, ದವಡೆ ಬಿಗಿದುಕೊಂಡೇ ಇತ್ತು. ಕಣ್ಣಲ್ಲಿ ನೀರು ಬಂತು, ಬಾಯಿ ಬಿಡಲಾಗಲಿಲ್ಲ.

ಅಣ್ಣ ನನ್ನ ಬೆರಳುಗಳನ್ನು ಬಿಡಿಸಿ ಆ ಚೂರನ್ನು ವಾಪಸು ತೆಗೆದುಕೊಂಡರು. ಬಿಡಿ, ಕೇಳಬಾರದಿತ್ತು ಎಂದರು. ಆಮೇಲೆ ಅದನ್ನು ತಾವೇ ಬಾಯಿಗೆ ಹಾಕಿಕೊಂಡು, ರಸ್ತೆಯ ಕಡೆ ನೋಡುತ್ತ, ಬಹಳ ಹೊತ್ತು ಅಗಿದರು. ಏನಾದರೂ ಸಿಗುತ್ತದೆಯೋ ಎಂದು. ಏನೂ ಸಿಗಲಿಲ್ಲವೆಂಬುದು ಅವರ ಮುಖದಲ್ಲಿ ಕಾಣುತ್ತಿತ್ತು.

ಆ ಚಳಿಗಾಲದಲ್ಲೇ ಗಂಟು ಮರಳಿತು. ಹಾಸನದ ಆಸ್ಪತ್ರೆಯಲ್ಲಿ ಮೂಗಿಗೆ ನಳಿಕೆ ಹಾಕಿ ಗಂಜಿ ಬಿಡುತ್ತಿದ್ದರು. ಮಾತು ನಿಂತಿತ್ತು. ನೋಡಲು ಹೋದಾಗ ನನಗೆ ಏನು ಬುದ್ಧಿಯೋ, ನಮ್ಮ ಮನೆಯ ಒಲೆಯ ಮೇಲೆ ನಾನೇ ಕುದಿಸಿದ ಬಣ್ಣವನ್ನು ಒಂದು ಪುಟ್ಟ ಡಬ್ಬಿಯಲ್ಲಿ ಒಯ್ದಿದ್ದೆ. ಈ ಸಲ ಮುಖ ಸೊಟ್ಟವಾಗುವಷ್ಟು ಉಪ್ಪು ಹಾಕಿದ್ದೇನೆ ಅಣ್ಣ ಎಂದೆ. ಅವರು ಬೆರಳು ಅದ್ದಿ, ಹೆಬ್ಬೆರಳಿಗೆ ಉಜ್ಜಿ, ಅಂಟು ನೋಡಿದರು. ಬೆಳಕಿಗೆ ಹಿಡಿದು ಎಳೆ ನೋಡಿದರು. ಸರಿಯಿದೆ ಎಂದು ತಲೆಯಾಡಿಸಿದರು. ಆಮೇಲೆ ನಾಲಿಗೆ ತೋರಿಸಿ, ಕೈ ಬಿಚ್ಚಿ, ಇದು ಮಾತ್ರ ನನ್ನ ಕೈಯಲ್ಲಿಲ್ಲ ಎಂಬಂತೆ ಅಲ್ಲಾಡಿಸಿದರು. ಅದೇ ನಾನು ಅವರನ್ನು ನೋಡಿದ ಕೊನೆಯ ಸಲ.

ಹನ್ನೊಂದನೆಯ ದಿನದ ತಿಥಿಗೆ ಎಡೆ ಇಡಬೇಕಿತ್ತು. ಸತ್ತವರಿಗೆ ಇಷ್ಟವಾದದ್ದೆಲ್ಲ ಎಲೆಗೆ ಬರಬೇಕು. ಅನ್ನ, ಮುದ್ದೆ, ಕೋಳಿ ಸಾರು ಒಳಗೆ ಬೆಂದವು. ಅವರ ಜನರಲ್ಲಿ ಹಂದಿ ಬಾಡು ಹೊಸ್ತಿಲು ದಾಟಿ ಮನೆಯೊಳಗೆ ಬರುವಂತಿಲ್ಲ, ಅದಕ್ಕೇ ಅತ್ತಿಗೆ ಹೊರಗೆ ಡ್ರಮ್ಮಿನ ಮುಂದೆ ತಾವೇ ಸುಡಲು ನಿಂತರು. ಜನ್ಮದಲ್ಲಿ ಅದನ್ನು ಮುಟ್ಟದಿದ್ದ ಹೆಂಗಸು. ನಾನು ತಿದ್ದಿಸಿದ ಮೇಲೆ ಅಣ್ಣ ಮಾಡುತ್ತಿದ್ದ ಹಾಗೇ ಕುದಿಸಿದ ಬಣ್ಣದ ಬಟ್ಟಲನ್ನು ನನ್ನ ಕಡೆ ಚಾಚಿ, ಅವರು ನಿಮಗೇ ತೋರಿಸುತ್ತಿದ್ದರಲ್ಲ, ಸರಿಯಿದೆಯಾ ನೋಡಿ ಎಂದರು. ನೆಂಟರೆಲ್ಲ ನನ್ನ ಬಾಯಿಯನ್ನೇ ನೋಡುತ್ತ ನಿಂತರು.

ನೆಕ್ಕಿದೆ. ಉಪ್ಪಿತ್ತು, ಸಿಹಿಯಿತ್ತು, ಹುಳಿಯಿತ್ತು.

"ನಂಗೆ ಗೊತ್ತಾಗಲ್ಲ ಅತ್ತಿಗೆ" ಎಂದೆ.

ಮೊದಲ ದಿನವೇ ಹೇಳಬೇಕಾಗಿದ್ದ ಮಾತು. ಅತ್ತಿಗೆ ಅದನ್ನು ಇದ್ದ ಹಾಗೇ ನಾಲ್ಕು ಸಲ ಹಚ್ಚಿ ಬೇಯಿಸಿ, ಚಪ್ಪರದಡಿ ಬೇರೊಂದು ಎಲೆಯಲ್ಲಿ ಬಡಿಸಿದರು. ಎಡೆ ಇಟ್ಟ ಮೇಲೆ ಯಾರೂ ನೋಡಬಾರದು, ಸತ್ತವರು ಬಂದು ಉಣ್ಣುವ ಹೊತ್ತು ಅದು. ಎಲ್ಲರ ಜೊತೆ ನಾನೂ ಬೆನ್ನು ತಿರುಗಿಸಿ ನಿಂತೆ. ಅಣ್ಣ ಬಂದರೋ ಇಲ್ಲವೋ ನನಗೆ ತಿಳಿಯದು. ಬಂದಿದ್ದು, ಅಲ್ಲಿ ಅವರ ನಾಲಿಗೆ ಅವರಿಗೆ ಮರಳಿ ಸಿಕ್ಕಿದ್ದೇ ಆದರೆ, ನಾನು ಇಷ್ಟು ದಿನ ಅವರಿಗೆ ಮಾಡಿದ್ದು ಏನೆಂದು ಆವತ್ತೇ ಅವರಿಗೆ ಮೊದಲು ತಿಳಿದಿರಬೇಕು.