ಕಸ ಸಿಗದ ದಿನದ ಶೂಟಿಂಗ್

ನನ್ನ ನಾದಿನಿ ಸಾಕ್ಷ್ಯಚಿತ್ರ ತೆಗೆಯುವವಳು. ಯಾರೂ ತಿರುಗಿ ನೋಡದವರನ್ನು ಹುಡುಕಿಕೊಂಡು ಹೋಗಿ ಅವರ ಜೊತೆ ತಿಂಗಳುಗಟ್ಟಲೆ ಇರುತ್ತಾಳೆ. ನಮ್ಮ ಮನೆಗೆ ಬಂದರೆ ಮಾತ್ರ ಬಸ್ಸಿಗೆ ಹೊತ್ತಾಯಿತು ಅನ್ನುತ್ತಾಳೆ. ಕಳೆದ ವರ್ಷ ಚಿಕ್ಕಬಳ್ಳಾಪುರದ ನಮ್ಮ ಬೀದಿ ಗುಡಿಸುವ ಅಕ್ಕನ ಬಗ್ಗೆಯೇ ಚಿತ್ರ ಮಾಡಲು ಬಂದಳು.

ಆ ಅಕ್ಕನ ಬಲಗೈ ಬೆರಳುಗಳಿಗೆ ಪಟ್ಟಿ ಕಟ್ಟಿತ್ತು. ಯಾರೋ ಹಳಸಿದ ಅನ್ನದ ಕವರಿನೊಳಗೆ ಒಡೆದ ಲೋಟ ಹಾಕಿದ್ದರು. ಕಸ ಬೇರೆ ಬೇರೆ ಮಾಡಿ ಎಂದು ಮನೆಮನೆಗೂ ಹೇಳಿ ಅಕ್ಕನಿಗೆ ಸಾಕಾಗಿತ್ತು.

"ನಾನ್ ಹೇಳಿದ್ರೆ ಯಾರ್ ಕೇಳ್ತಾರಮ್ಮಾ? ನೀನು ತೋರ್ಸು," ಎಂದು ನಾದಿನಿಗೆ ಒಪ್ಪಿಗೆ ಕೊಟ್ಟಿದ್ದರು.

"ಅತ್ತಿಗೆ, ನಾಳೆ ಶೂಟಿಂಗ್. ಬೀದಿ ದಿನಾ ಹೇಗಿರುತ್ತೋ ಹಾಗೇ ಇರ್ಬೇಕು. ಯಾರಿಗೂ ಹೇಳ್ಬೇಡಿ," ಎಂದಳು ನಾದಿನಿ. ಕ್ಯಾಮೆರಾ ಬಾಡಿಗೆಯದು, ಮರುದಿನ ಸಂಜೆಯೇ ವಾಪಸ್ ಹೋಗಬೇಕು.

ನಾನು ಹೇಳಲಿಲ್ಲ. ನಮ್ಮತ್ತೆ ಸಂಜೆ ದೇವಸ್ಥಾನಕ್ಕೆ ಹೋಗಿ, "ಯಾರಿಗೂ ಹೇಳ್ಬೇಡಿ ಕಣ್ರೇ" ಎಂದು ಒಬ್ಬೊಬ್ಬರಿಗೂ ಪ್ರತ್ಯೇಕವಾಗಿ ಹೇಳಿ ಬಂದರು.

ಬೆಳಿಗ್ಗೆ ಗೇಟು ತೆಗೆದರೆ ನಮ್ಮ ಬೀದಿಯ ಗುರುತೇ ಸಿಗಲಿಲ್ಲ. ಪಕ್ಕದ ಮನೆಯ ನಿವೃತ್ತ ಮೇಷ್ಟ್ರು ಇಸ್ತ್ರಿ ಮಾಡಿದ ಪ್ಯಾಂಟು ತೊಟ್ಟು ಚರಂಡಿಗೆ ಬ್ಲೀಚಿಂಗ್ ಪೌಡರ್ ಎರಚುತ್ತಿದ್ದರು. ನಗರಸಭೆಯವರು ಕೊಟ್ಟು, ಇಷ್ಟು ದಿನ ರಾಗಿಹಿಟ್ಟು ತುಂಬಿಕೊಂಡಿದ್ದ ಕಸದ ಬಕೆಟ್‌ಗಳು ಹಸಿರೊಂದು, ನೀಲಿಯೊಂದು ಬಾಗಿಲಿಗೆ ಬಂದು ನಿಂತಿದ್ದವು. ಎದುರುಮನೆಯ ಆಂಟಿ ಈರುಳ್ಳಿ ಸಿಪ್ಪೆಯನ್ನೂ ತೊಳೆದು ಹಾಕಿದ್ದರು. ಒಡೆದ ಬಲ್ಬೊಂದು ಪೇಪರಿನಲ್ಲಿ ಸುತ್ತಿಸಿಕೊಂಡು, ಮೈಮೇಲೆ "ಗಾಜು, ಜೋಪಾನ" ಎಂದು ಬರೆಸಿಕೊಂಡು ಕೂತಿತ್ತು.

ನಾದಿನಿ ಮೆಟ್ಟಿಲ ಮೇಲೆ ಕುಸಿದಳು. "ಅತ್ತಿಗೆ, ನಮ್ಮನೆ ಕಸನಾದ್ರೂ ಚೆಲ್ಲಿಬಿಡ್ಲಾ?"

"ಚೆಲ್ಲಮ್ಮಾ, ಆಮೇಲೆ ನೀನೇ ಗುಡಿಸು."

ಅಷ್ಟರಲ್ಲಿ ಅಕ್ಕ ಪೊರಕೆ ಹಿಡಿದು ಬಂದರು. ಮೂಲೆಯಲ್ಲೇ ನಿಂತು ಬೀದಿಯನ್ನು ಕಣ್ತುಂಬಾ ನೋಡಿದರು. "ಏಮಮ್ಮಾ, ಮಿನಿಸ್ಟ್ರು ಬರ್ತಾರಾ?" ಗುಡಿಸಲು ಏನೂ ಇಲ್ಲದೆ ನಮ್ಮ ಜಗಲಿಯ ಮೇಲೆ ಕೂತರು. ಅವರು ಕೂತಿದ್ದನ್ನು ನಾನು ಅವತ್ತೇ ನೋಡಿದ್ದು. ನಾದಿನಿ ಬೇರೇನೂ ತೋಚದೆ ಕ್ಯಾಮೆರಾ ಅತ್ತ ತಿರುಗಿಸಿದಳು.

ಎದುರುಮನೆ ಆಂಟಿ ಪೇಪರ್ ಕಪ್ಪಿನಲ್ಲಿ ಕಾಫಿ ತಂದರು. ಅರ್ಧ ದಾರಿಯಲ್ಲಿ ಕ್ಯಾಮೆರಾದ ಕೆಂಪು ದೀಪ ಕಂಡಿತು.

"ಆನ್ ಆಗಿದ್ಯಾ?"

"ಹೂಂ ಆಂಟಿ."

ಆಂಟಿ ಹಾಗೇ ಹಿಂದೆ ತಿರುಗಿದರು. ಮತ್ತೆ ಬಂದಾಗ ಕೈಯಲ್ಲಿ ನೆಂಟರಿಗೆಂದು ಇಟ್ಟಿದ್ದ ಸ್ಟೀಲ್ ಲೋಟ.

"ನಮ್ಮನೇಲಿ ಯಾವಾಗ್ಲೂ ಇದ್ರಲ್ಲೇ ಕೊಡೋದು," ಎಂದರು ಕ್ಯಾಮೆರಾಗೆ.

"ಹೂಂ, ಯಾವಾಗ್ಲೂ ಕೊಡ್ತಾರೆ," ಎಂದು ಅಕ್ಕ ಒಂದು ಗುಟುಕು ಕುಡಿದರು. "ಇವತ್ತಿಂದ."

ನಾದಿನಿಯ ಚಿತ್ರ ಈಗ ಇಲ್ಲಿಂದಲೇ ಶುರುವಾಗುತ್ತದೆ.

ನಾದಿನಿ ಹೊರಡುವಾಗ ಅಕ್ಕ ಅವಳ ಕೈ ಹಿಡಿದರು. "ಕ್ಯಾಮೆರಾ ತಗೊಂಡ್ ಹೋಗಮ್ಮಾ. ಆ ಮೂರು ಕಾಲಿಂದು ಬಿಟ್ಟು ಹೋಗು."

ಕ್ಯಾಮೆರಾ ಸ್ಟ್ಯಾಂಡ್ ನಾದಿನಿಯದೇ, ಬಿಟ್ಟು ಹೋದಳು. ಅದರ ತಲೆಗೆ ನಮ್ಮ ಮಿಕ್ಸಿಯ ಕವರು ಹಾಕಿ ಗೇಟಿನ ಬಳಿ ನಿಲ್ಲಿಸಿದ್ದೇವೆ. ಬಕೆಟ್‌ಗಳು ಇನ್ನೂ ಬೇರೆ ಬೇರೆಯಾಗಿಯೇ ಬರುತ್ತಿವೆ, ಅಕ್ಕ ಬೆರಳಿನ ಪಟ್ಟಿ ಬಿಚ್ಚಿದ್ದಾರೆ. ಯಾರಾದರೂ ಅನುಮಾನದಿಂದ ಕವರಿನ ಕಡೆ ನೋಡಿದರೆ ನಮ್ಮತ್ತೆ ಹತ್ತಿರ ಹೋಗಿ ಪಿಸುಗುಡುತ್ತಾರೆ:

"ಆನ್ ಆಗಿದೆ ಕಣ್ರೇ. ಯಾರಿಗೂ ಹೇಳ್ಬೇಡಿ."