ಸಿಸಿಲಿಯಾಳ ಕಪ್ಪುಡುಗೆ

ಕುವೈತಿನ ವಿಮಾನ ಪ್ರದರ್ಶನದಲ್ಲಿ, ಚೀನಾ ಸರಕಾರದ ವಿಮಾನ ಕಂಪನಿಯ ಮಳಿಗೆಯಲ್ಲಿ ಚಹಾ ಹಂಚುವ ಕೆಲಸ ಅಲ್ಲಿನ ಖೈತಾನ್ ಬಡಾವಣೆಯ ಸಿಸಿಲಿಯಾಳಿಗೆ ಸಿಕ್ಕಿತು. ಏರ್‌ಪೋರ್ಟಿನಲ್ಲಿ ವಿಮಾನ ತೊಳೆಯುತ್ತಿದ್ದ ಗಂಡ ವಲೇರಿಯನ್ ತೀರಿಕೊಂಡು ವರ್ಷ ತುಂಬಿರಲಿಲ್ಲ. ಅವಳು ಶೋಕದ ಕಪ್ಪುಡುಗೆ ಬಿಟ್ಟಿರಲಿಲ್ಲ.

“ಸಿಸಿಲಿಯಾ ಬಾಯಿ, ಚೀನಾದವರಿಗೆ ಕೆಂಪೇ ಶುಭ. ಇದನ್ನು ಹಾಕಿ, ಇಲ್ಲದಿದ್ರೆ ಕೆಲಸ ಖಲಾಸ್,” ಎಂದು ಮೇಲ್ವಿಚಾರಕ ಸ್ಯಾಮುವೆಲ್ ಕೆಂಪು ಕೋಟು ಚಾಚಿದ.

“ಅವರು ಹೇಳಿದ್ದಾ, ನೀನು ಹೇಳುದಾ?”

ಉತ್ತರಕ್ಕೆ ಕಾಯದೆ ಅವಳು ಕೋಟು ಹಿಡಿದು ಚೀನಾದ ಮ್ಯಾನೇಜರನ ಎದುರು ನಿಂತಳು. ಗಂಡ ಸತ್ತಿದ್ದಾನೆ, ಇದನ್ನು ಹಾಕುವುದಿಲ್ಲ ಎಂದು ತನಗೆ ಬರುವಷ್ಟು ಇಂಗ್ಲಿಷಿನಲ್ಲಿ ಹೇಳಿದಳು. ಆತ ತಟ್ಟನೆ ಕೋಟನ್ನು ಅವಳ ಕೈಯಿಂದ ತೆಗೆದುಕೊಂಡ. ಸಾವಾದ ಮನೆಯವರು ಕೆಂಪು ಉಡುವುದು ತಮ್ಮಲ್ಲೂ ಇಲ್ಲ ಎಂದ.

ಸಿಸಿಲಿಯಾ ಚಹಾದ ತಟ್ಟೆ ಎತ್ತಿಕೊಂಡಳು. “ಕೇಳಿತಾ ಸ್ಯಾಮು? ಕೆಂಪು ಅಷ್ಟು ಚಂದ ಇದ್ರೆ ನೀನೇ ಹಾಕು ಮಾರಾಯ. ದಾರಿ ಬಿಡು, ಚಾ ತಣ್ಣಗಾಗ್ತದೆ.”